ಪಕ್ಕದ ಮನೆಯ ಅವ್ವ ಹೇಳದ ಹೆಸರು

ಐಪ್ಪಸಿ ತಿಂಗಳ ಮಳೆಗಾಲ, ಮಂಗಳವಾರ, ಬೆಳಿಗ್ಗೆ ಏಳು ಗಂಟೆ. ಹಾಜರಿದ್ದವರು ನಾನು, ನನ್ನ ಮಗ, ಗೋಡೆ ಕೆಡವಲು ಬಂದ ಇಬ್ಬರು ಆಳುಗಳು. ಪಕ್ಕದ ಮನೆ ಮಳೆಗೆ ಒಂದು ಕಡೆ ಕುಸಿದು ನಮ್ಮ ಗೋಡೆಗೆ ಒರಗಿಕೊಂಡಿತ್ತು. ಉಳಿದದ್ದನ್ನು ಇಂದೇ ಇಳಿಸಬೇಕೆಂದು ತೀರ್ಮಾನಿಸಿದ್ದೆ. ಮೊದಲು ತೊಲೆ, ಆಮೇಲೆ ಗೋಡೆ, ಕೊನೆಗೆ ಮಣ್ಣು ಸಾಗಿಸುವುದು. ಯಾವ ಕೆಲಸಕ್ಕೂ ಒಂದು ಕ್ರಮವಿರಬೇಕು. ಬದುಕೆಲ್ಲ ಗಂಟೆ ಹೊಡೆಸಿ ಪಾಠ ಹೇಳಿದವನ ಅಭ್ಯಾಸ ಅದು.

ಅಡುಗೆಮನೆಯ ಗೋಡೆಗೆ ಗುದ್ದಲಿ ಬಿದ್ದಾಗ ಮುಚ್ಚಿಹೋಗಿದ್ದ ಒಂದು ಗೂಡು ಒಡೆಯಿತು. ಮಣ್ಣಿನ ಜೊತೆಗೆ ವಾಸನೆಯೊಂದು ಹೊರಬಿತ್ತು. ಹಳೆಯ ಮೆಣಸು, ಕರಗಿ ಮತ್ತೆ ಗಟ್ಟಿಯಾದ ಬೆಲ್ಲ, ಜೊತೆಗೆ ನಾಲಿಗೆಯ ಬುಡಕ್ಕೆ ತಾಗುವ ಕಹಿ ಧೂಳು. ಆಳು ಕೆಮ್ಮಿ ಉಗುಳಿದ. ನಾನು ಮುಂದಿನ ಕೆಲಸ ಹೇಳುವುದನ್ನು ಮರೆತು ನಿಂತೆ…

ಆ ಮನೆಯಲ್ಲಿದ್ದವಳನ್ನು ನಮ್ಮ ಕನ್ನಡದ ಬೀದಿಯವರೆಲ್ಲ ಅವ್ವ ಎನ್ನುತ್ತಿದ್ದರು. ನಾನೂ ಹಾಗೆಯೇ ಕರೆದೆ. ನಾನು ದಿಂಡಿಗಲ್ಲಿನಲ್ಲಿ ತರಬೇತಿ ಮುಗಿಸಿ ನಮ್ಮ ಊರಿನ ಶಾಲೆಗೇ ಬಂದು ಸೇರಿದ ಹೊಸತು ಅದು. ಅವಳು ಗಂಡನನ್ನು ಕಳೆದುಕೊಂಡು, ಒಬ್ಬಳೇ ಮಗಳನ್ನು ಗೂಡಲೂರಿಗೆ ಕೊಟ್ಟು, ಊರಿನ ಜ್ವರ, ಭೇದಿ, ಬಾಣಂತಿ ಕಾಯಿಲೆಗಳಿಗೆ ಮದ್ದು ಕೊಡುತ್ತಿದ್ದಳು. ಆ ವಿದ್ಯೆ ಅತ್ತೆಯಿಂದ ಬಂದದ್ದು. ಬೇರನ್ನು ಬೆಳಕು ಹರಿಯುವ ಮೊದಲು, ಯಾರೊಡನೆಯೂ ಮಾತಾಡದೆ ಹೋಗಿ ಕೀಳಬೇಕು. ಕೊಡುವಾಗ ಅದರ ಹೆಸರು ಹೇಳಬಾರದು, ತಿನ್ನುವವರು ಕೇಳಬಾರದು. ಹೆಸರು ಬಾಯಿಗೆ ಬಂದರೆ ಮದ್ದು ಸತ್ತಂತೆ. ಅತ್ತೆ ಕೂಡ ಅವಳಿಗೆ ಗಿಡಗಳನ್ನು ಬೆರಳು ತೋರಿಸಿಯೇ ಕಲಿಸಿದ್ದಳು. ಹೆಸರುಗಳನ್ನು ಹೇಳಿಕೊಟ್ಟದ್ದು ಸಾಯುವ ದಿನ, ಕಿವಿಯಲ್ಲಿ.

ಯಾರಾದರೂ ಕೈಯಲ್ಲಿದ್ದ ಕರಿಯ ಗುಳಿಗೆ ನೋಡಿ, “ಇದೇನವ್ವಾ, ಆಡಿನ ಹಿಕ್ಕೆಯಾ?” ಎಂದರೆ ಅವಳ ಬಾಯಿ ಸುಮ್ಮನಿರುತ್ತಿರಲಿಲ್ಲ.

“ಹಿಕ್ಕೆ ನಿಮ್ಮ ಆಡಿನ ಪಟ್ಟೀಲೇ ಬೇಕಾದಷ್ಟಿತ್ತಲ್ಲ, ಇಲ್ಲಿಗ್ಯಾಕೆ ಬಂದೆ? ಬಾಯಿ ಮುಚ್ಚ್ಕೊಂಡು ನುಂಗು.”

ಬೆಟ್ಟದ ಮೇಲೆ ಪೆರಿಯಾರ್ ಅಣೆಕಟ್ಟಿನ ಕೆಲಸ ನಡೆಯುತ್ತಿದ್ದ ವರ್ಷಗಳವು. ಬೆಟ್ಟದ ಕೆಳಗಿನ ನಮ್ಮ ಕಣಿವೆಯಿಂದ ಜನ ಕೆಲಸಕ್ಕೆ ಹತ್ತಿ ಹೋಗುತ್ತಿದ್ದರು, ನಡುಗುತ್ತ ಇಳಿದು ಬರುತ್ತಿದ್ದರು. ಕೆಲವರು ಬರುತ್ತಲೇ ಇರಲಿಲ್ಲ. ಆ ಜ್ವರದ ಜೊತೆಗೇ ಒಂದು ಮದ್ದಿನ ಹೆಸರೂ ಇಳಿದು ಬಂತು. ಪುಸ್ತಕದಲ್ಲಿ ಅದು ಕ್ವಿನೈನ್. ಕಣಿವೆಯ ಬಾಯಲ್ಲಿ ಕೊಯ್ನಾ. ಸಂತೆಯಲ್ಲಿ ಎಳೆ ಹಾಗಲಕಾಯಿ ಕೊಳ್ಳುವವರು “ಇದು ಕೊಯ್ನಾ ಅಲ್ಲ ತಾನೆ?” ಎಂದು ಚೌಕಾಸಿ ಮಾಡುತ್ತಿದ್ದರು. ಸಿಡುಕಿನ ಅತ್ತೆಯನ್ನು ಸೊಸೆಯರು ಬೆನ್ನ ಹಿಂದೆ ಕೊಯ್ನಾ ಎನ್ನುತ್ತಿದ್ದರು. ಶಾಲೆಯಲ್ಲಿ ಆ ಬಿರುದು ನನಗಿತ್ತೆಂದು ಎಷ್ಟೋ ವರ್ಷದ ಮೇಲೆ ತಿಳಿಯಿತು. ಹೀಗೆ ತಮಾಷೆಗೆ, ಬೈಗುಳಕ್ಕೆ ಆ ಹೆಸರು ಎಲ್ಲೆಲ್ಲೂ ಓಡಾಡುತ್ತಿತ್ತು. ಕಾಯಿಲೆಯವರ ಹಾಸಿಗೆಯ ಹತ್ತಿರ ಮಾತ್ರ ನಮ್ಮ ಬೀದಿಯಲ್ಲಿ ಯಾರೂ ಅದನ್ನು ಎತ್ತುತ್ತಿರಲಿಲ್ಲ.

ಅವ್ವನ ಅಳಿಯ ಅಣೆಕಟ್ಟಿನ ಕೆಲಸದಲ್ಲಿದ್ದ. ಅಲ್ಲಿ ಕೂಲಿಗಳಿಗೆ ಕೊಡುತ್ತಿದ್ದ ಬಿಳಿಯ ಪುಡಿಯನ್ನು ಉಳಿಸಿ ಅತ್ತೆಗೆ ತಂದುಕೊಟ್ಟ. ಹೆಸರು ಹೇಳಲು ಬಾಯಿ ತೆರೆದಾಗ ಅವಳು ಕುಟ್ಟಾಣಿಯನ್ನು ಜೋರಾಗಿ ಕುಟ್ಟಿ ಆ ಮಾತನ್ನು ಮುಳುಗಿಸಿದಳಂತೆ. ಆದರೂ ಕೇಳಿಸಿತ್ತು. ಪುಡಿಯನ್ನು ಮೆಣಸು ಬೆಲ್ಲದಲ್ಲಿ ಅರೆದು ತನ್ನ ಗುಳಿಗೆಗೆ ಸೇರಿಸಿದಳು. ಜ್ವರ ಬಿಡತೊಡಗಿತು. ಅವಳ ಬೇರಿನ ಮಹಿಮೆ ಎಂದು ನಾವೆಲ್ಲ ನಂಬಿದ್ದೆವು. ಒಳಗಿನ ವಿಷಯ ಅವಳು ನನಗೆ ಹೇಳಿದ್ದು ಎಲ್ಲ ಮುಗಿದ ಮೇಲೆ.

ಅದೇ ಹೊತ್ತಿಗೆ ಊರಿಗೆ ಸರ್ಕಾರಿ ಔಷಧಾಲಯವೊಂದು ಬಂತು. ಅದನ್ನು ನೋಡಿಕೊಳ್ಳುತ್ತಿದ್ದ ‘ಆಸ್ಪತ್ರೆಯವರು’ ಒಳ್ಳೆಯ ಮನುಷ್ಯ, ತಮಿಳರು, ಸಂಜೆ ನನ್ನೊಡನೆ ಕೆರೆ ಏರಿಯ ಮೇಲೆ ತಿರುಗಾಡಲು ಬರುತ್ತಿದ್ದರು. ಮೊದಮೊದಲು ಅವರು ಪ್ರತಿ ಸೀಸೆಯ ಹೆಸರನ್ನೂ ಓದಿ ಹೇಳಿ ಕೊಡುತ್ತಿದ್ದರು. ನಮ್ಮವರು ಬೀದಿಯ ತಿರುವಿನವರೆಗೆ ಒಯ್ದು ಚರಂಡಿಗೆ ಸುರಿಯುತ್ತಿದ್ದರು. ಹೆಸರು ಹೇಳಿದ ಮದ್ದು ಯಾರಿಗೆ ಬೇಕು? ಕಾರಣ ತಿಳಿದ ಮೇಲೆ ಅವರು ನಕ್ಕರು. ಆದರೆ ಹೆಸರು ಹೇಳುವುದನ್ನು ನಿಲ್ಲಿಸಿದರು. ಸೀಸೆಗಳ ಮೇಲಿನ ಚೀಟಿಯನ್ನೂ ಗೋಡೆಯ ಕಡೆ ತಿರುಗಿಸಿಟ್ಟರು. ಜನ ಬರತೊಡಗಿದರು. ಅವರ ಆ ಮರ್ಯಾದೆಯನ್ನು ನಾವೆಲ್ಲ ಮೆಚ್ಚಿಕೊಂಡೆವು…

ಮಾರ್ಗಳಿಯ ಚಳಿಯಲ್ಲಿ ಅವ್ವನ ಮಗಳು ಜ್ವರ ಹೊತ್ತುಕೊಂಡು ಗೂಡಲೂರಿನಿಂದ ಬಂದಳು. ಕಂಕುಳಲ್ಲಿ ಇನ್ನೂ ಮೊಲೆ ಬಿಡದ ಗಂಡುಮಗು. ಅವ್ವ ತನ್ನ ಗುಳಿಗೆ ಶುರುಮಾಡಿದಳು. ಜ್ವರ ಇಳಿಯಲಿಲ್ಲ. ಇನ್ನಷ್ಟು ಕೊಟ್ಟಳು. ಕೊನೆಗೆ ಒಂದು ಬೆಳಿಗ್ಗೆ ನಾನು ಶಾಲೆಗೆ ಹೊರಟಾಗ ಬಾಗಿಲಲ್ಲಿ ನಿಂತಿದ್ದಳು.

“ವಾತ್ಯಾರಯ್ಯಾ, ಆ ಆಸ್ಪತ್ರೆಯವರ್ನ ಒಂಚೂರು ಕೂಗ್ಕೊಂಡು ಬಾ. ನನ್ನ ಕೈ ಓಡ್ತಿಲ್ಲ.”

ಅವಳಂಥವಳ ಬಾಯಿಂದ ಆ ಮಾತು ಬಂದಾಗ ನಾನು ಓಡಿಯೇ ಹೋದೆ. ಅವರು ಬಂದು ನಾಡಿ ನೋಡಿದರು, ಎಡಪಕ್ಕೆಯ ಕೆಳಗೆ ಗುಲ್ಮ ಒತ್ತಿ ನೋಡಿದರು. ತಿರುಗಿ ಅವ್ವನನ್ನು ತಮಿಳಿನಲ್ಲಿ ಕೇಳಿದರು: “ಇದುವರೆಗೆ ಏನು ಕೊಟ್ಟಿದ್ದೀರಮ್ಮ?”

ಅವಳು ಮಗಳ ಮುಖ ನೋಡಿದಳು, ತಲೆ ತಗ್ಗಿಸಿದಳು.

“ಪರವಾಗಿಲ್ಲ, ನಿಮ್ಮ ಪದ್ಧತಿ ನನಗೆ ಗೊತ್ತು,” ಎಂದರು ಅವರು. ಕಾಡಿನ ಯಾವುದೋ ಬೇರು ಎಂದುಕೊಂಡರು. ತಮ್ಮ ಚೀಲದಿಂದ ನೀರಿನಂಥ ಮದ್ದಿನ ಸೀಸೆ ತೆಗೆದು, ಎಷ್ಟು, ಯಾವಾಗ ಎಂದಷ್ಟೇ ಹೇಳಿ ಕೊಟ್ಟರು. ಅವರೂ ಹೆಸರು ಹೇಳಲಿಲ್ಲ. ಪುಡಿಯಾಗಿ ಮಾತ್ರ ಅದನ್ನು ಕಂಡಿದ್ದ ಅವ್ವನಿಗೆ ನೀರಾಗಿ ಗುರುತು ಸಿಗಲಿಲ್ಲ. “ಕಯ್ಪು ಅವ್ವಾ,” ಎಂದಳು ಮಗಳು. “ಮದ್ದು ಮತ್ತೆ ಪಾಯಸವೇನೆ?” ಎಂದು ಅವ್ವ ಬಾಯೊರೆಸಿದಳು. ಸೀಸೆಯ ಮದ್ದನ್ನು ಹೇಳಿದ ಹೊತ್ತಿಗೆ ಹಾಕಿದಳು. ಅದರ ನಡುವೆ, ಮಗಳು ಉಳಿಯಲಿ ಎಂಬ ಆಸೆಗೆ, ತನ್ನ ಗುಳಿಗೆಯನ್ನೂ ಹಾಕಿದಳು.

ಜ್ವರ ಬಿಟ್ಟಿತು. ಮಗಳು ಎದ್ದು ಕುಳಿತು, “ಕಿವಿಯೊಳಗೆ ಜೇನುಹುಳ ಹೊಕ್ಕಂಗೈತೆ,” ಎಂದಳು. ಮಾರನೆಯ ದಿನ ಜೇನುಹುಳುಗಳೂ ಇರಲಿಲ್ಲ. ಅವ್ವ ಹಿತ್ತಲಿನಿಂದ ಮಗಳ ಹೆಸರು ಹಿಡಿದು ಕರೆಯುತ್ತಿದ್ದದ್ದು ನಮ್ಮ ಮನೆಗೆ ಕೇಳಿತು. ಮೊದಲು ಮಾಮೂಲಿನಂತೆ, ಆಮೇಲೆ ಗಟ್ಟಿಯಾಗಿ, ಆಮೇಲೆ ಬೇರೆ ಥರ. ನಾನು ಹೋಗಿ ನೋಡಿದಾಗ ಮಗಳು ಬೆನ್ನು ಮಾಡಿ ಮಗುವಿಗೆ ತಲೆ ಬಾಚುತ್ತಿದ್ದಳು.

ಆಸ್ಪತ್ರೆಯವರು ಬಂದರು. ಕಿವಿಯ ಹತ್ತಿರ ಚಿಟಿಕೆ ಹೊಡೆದರು, ಲೋಟ ಬಡಿದರು. ಮಗಳು ತಿರುಗಲಿಲ್ಲ. “ಅಮ್ಮ, ಈಗಲಾದರೂ ಹೇಳಿ,” ಎಂದರು. ಅವ್ವ ಸೆರಗು ಹಿಂಡುತ್ತ ಕೊನೆಗೆ ಆ ಹೆಸರು ಹೇಳಿದಳು, ಕೊಯ್ನಾ. ಅವರು ತಮ್ಮ ಸೀಸೆಯನ್ನು ಎತ್ತಿ ಎಷ್ಟು ಉಳಿದಿದೆ ಎಂದು ನೋಡಿದರು. “ನಾನು ಕೊಟ್ಟದ್ದೂ ಅದೇ,” ಎಂದರು. ಅತಿಯಾದರೆ ಅದು ಕಿವಿಯನ್ನೋ ಕಣ್ಣನ್ನೋ ಹಿಡಿಯುತ್ತದೆ, ಕೆಲವರಿಗೆ ತಿರುಗಿ ಬರುತ್ತದೆ ಎಂದು ಮೆಲ್ಲಗೆ ಸೇರಿಸಿದರು. ಇವಳಿಗೆ ಬರಲಿಲ್ಲ.

ಚಿತ್ರೆ ತಿಂಗಳ ಬಿಸಿಲಿನವರೆಗೆ ಕಾದು ನೋಡಿ ಬೀಗಿತ್ತಿ ಎತ್ತಿನ ವಂಡಿ ಕಟ್ಟಿಕೊಂಡು ಬಂದಳು. “ಕೂಸು ರಾತ್ರಿಯೆಲ್ಲ ಅತ್ತು ಸತ್ರೂ ತಿಳಿಯಲ್ಲ ಇವ್ಳಿಗೆ. ನಮ್ಮನೆ ಕುಡಿ ನಮಗೆ ಬೇಕು,” ಎಂದಳು. ಹಿಂದೆ ನಿಂತಿದ್ದ ಅಳಿಯ ನೆಲ ನೋಡುತ್ತಿದ್ದ. ಬೇರೆ ದಿನವಾಗಿದ್ದರೆ ಅವ್ವ ಬೀಗಿತ್ತಿಯನ್ನು ಬೀದಿಯ ತುದಿಯವರೆಗೆ ಅಟ್ಟುತ್ತಿದ್ದಳು. ಅಂದು ತಾನೇ ತೊಟ್ಟಿಲಿನಿಂದ ಮಗುವನ್ನು ಎತ್ತಿ ಕೊಟ್ಟಳು. ವಂಡಿ ನಮ್ಮ ಬಾಗಿಲು ದಾಟುವಾಗ ಮಗು ಕಿರುಚಿ ಅಳುತ್ತಿತ್ತು. ಒಳಗೆ ಅದರ ತಾಯಿ ಗೋಡೆಗೆ ಮುಖ ಮಾಡಿ ರಾಗಿ ಬೀಸುತ್ತಲೇ ಇದ್ದಳು… ಆ ಬೀಸುವ ಕಲ್ಲಿನ ಸದ್ದು ಸ್ವಲ್ಪವೂ ತಪ್ಪಲಿಲ್ಲ.

ಕೆಲವು ದಿನಗಳ ಮೇಲೆ ಅವ್ವ ಶಾಲೆ ಬಿಡುವ ಹೊತ್ತಿಗೆ ಬಂದು ಮೆಟ್ಟಿಲ ಮೇಲೆ ಕುಳಿತಳು.

“ವಾತ್ಯಾರಯ್ಯಾ, ಆ ಹೆಸರಿಗೆ ಏನು ಅರ್ಥ? ಯಾವ ದೇವ್ರದು?”

ಆಸ್ಪತ್ರೆಯವರು ಒಮ್ಮೆ ಹೇಳಿದ್ದು ನನಗೆ ನೆನಪಿತ್ತು. ದೇವರದ್ದಲ್ಲ, ಕಡಲಾಚೆ ಬೆಟ್ಟದ ದೇಶವೊಂದರ ಮಾತು. ಅಲ್ಲಿಯವರು ಮರದ ಚಕ್ಕೆಗೆ ಹಾಗೆನ್ನುತ್ತಾರಂತೆ ಎಂದೆ.

“ಚಕ್ಕೆ ಅಂತಾನಾ?”

“ಚಕ್ಕೆ ಅಂತ.”

“ಚಕ್ಕೆ,” ಎಂದಳು ಅವಳು. ಇನ್ನೊಮ್ಮೆ ಹೇಳಿದಳು. “ಬೇವಿನ ಚಕ್ಕೆ, ಮತ್ತಿ ಚಕ್ಕೆ ಅಂತೀವಲ್ಲ, ಹಂಗೆ? ಅಷ್ಟಕ್ಕಾ ನಾನು ಬಾಯಿ ಕಟ್ಕೊಂಡು ಕುಂತಿದ್ದು?” ಅವಳು ಎದ್ದು ಹೋದಳು.

ಅಂದು ಹೊತ್ತು ಮುಳುಗುವ ಮೊದಲು ಬೀದಿಯವರೆಲ್ಲ ಹೊರಗೆ ಬಂದರು. ಅವ್ವ ತನ್ನ ಗಂಟುಗಳನ್ನೆಲ್ಲ ಜಗಲಿಯ ಮೇಲೆ ಬಿಚ್ಚಿ ಹರವಿದ್ದಳು. ಒಂದೊಂದೇ ಬೇರನ್ನು ಎತ್ತಿ ಹಿಡಿದು ಅದರ ಹೆಸರನ್ನು ಗಟ್ಟಿಯಾಗಿ ಕೂಗಿ ಬೀದಿಗೆ ಎಸೆಯುತ್ತಿದ್ದಳು. ಹೆಂಗಸರು ಕಿವಿ ಮುಚ್ಚಿಕೊಂಡರು. ಮುದುಕರೊಬ್ಬರು, “ಬ್ಯಾಡ ತಾಯಿ, ಊರಿನ ಉಸಿರು ಅದು,” ಎಂದು ಬೇಡಿದರು. ಅವಳು ನಿಲ್ಲಿಸಲಿಲ್ಲ. ಪಕ್ಕದಲ್ಲೇ ಕುಳಿತಿದ್ದ ಮಗಳು ತಾಯಿಯ ಬಾಯಿ ಆಡುವುದನ್ನು ನೋಡುತ್ತಿದ್ದಳು. ಕೊನೆಯ ಬೇರೂ ಹೋದ ಮೇಲೆ ಅವ್ವ ಬರಿಗೈಯನ್ನು ಸೀರೆಗೆ ಒರೆಸಿಕೊಂಡು, “ಎಲ್ಲಾ ಹೇಳ್ಬಿಟ್ಟೆ. ಇನ್ಯಾವುದೂ ಬದುಕಿಲ್ಲ. ಹೋಗ್ರಿ,” ಎಂದಳು.

ಆಮೇಲೆ ಯಾರೂ ಅವಳ ಬಾಗಿಲಿಗೆ ಬರಲಿಲ್ಲ. ಮುಂದಿನ ಚಳಿಗಾಲದಲ್ಲಿ ಜ್ವರ ಅವಳಿಗೇ ಬಂತು. ಆಸ್ಪತ್ರೆಯವರು ಹಾಸಿಗೆಯ ಪಕ್ಕ ಕುಳಿತು, ಸೀಸೆಯ ಚೀಟಿ ತೋರಿಸಿ, ಹೆಸರು ಬಿಡಿಸಿ ಹೇಳಿ ಮದ್ದು ಹಿಡಿದರು. ಅವಳು ಹಲ್ಲು ಕಚ್ಚಿದವಳು ಬಿಡಲಿಲ್ಲ. ಆ ಜ್ವರದಲ್ಲೇ ತೀರಿಕೊಂಡಳು. ಅವರು ಆಮೇಲೆ ನಮ್ಮೂರಿನಲ್ಲಿ ಉಳಿಯಲಿಲ್ಲ. ಪಳನಿಯ ಕಡೆಗೆ ವರ್ಗ ಮಾಡಿಸಿಕೊಂಡು ಹೋದರು ಎಂದು ಕೇಳಿದೆ.

ಮಗಳು ಆ ಮನೆಯಲ್ಲೇ ಮುದುಕಿಯಾದಳು. ನಾವು ಬೀದಿಯವರು ಕೈಸನ್ನೆಯಲ್ಲಿ ಅವಳೊಡನೆ ಬದುಕಿದೆವು. ಹೋದ ಬೇಸಿಗೆಯಲ್ಲಿ ಅವಳು ತೀರಿಕೊಂಡಾಗ ಗೂಡಲೂರಿಗೆ ಆಳು ಕಳಿಸಿದೆ. ಮಗ ಬರಲಿಲ್ಲ. ತನ್ನನ್ನು ಸಾಕಿದವಳನ್ನು ಎಂದೋ ಮಣ್ಣು ಮಾಡಿದ್ದೇನೆ, ಇನ್ನೊಬ್ಬ ತಾಯಿಯನ್ನು ತಾನರಿಯೆ ಎಂದು ಹೇಳಿ ಕಳಿಸಿದ. ಅವನ ತಪ್ಪೆಂದು ನಾನು ಹೇಳಲಾರೆ.

ಅವ್ವ ಅಂದು ಕೂಗಿ ಹೇಳಿದ ಹೆಸರುಗಳು ಹಲವು. ಅವುಗಳಲ್ಲಿ ಒಂದಾದರೂ ನೆನಪಾಗುವುದೇ ಎಂದು ಈ ಮಧ್ಯಾಹ್ನ ಬಹಳ ಯತ್ನಿಸಿದೆ. ಬೀದಿಯಲ್ಲಿ ಕೇಳಿದವರೆಲ್ಲ ಹೋಗಿಬಿಟ್ಟಿದ್ದಾರೆ. ನನಗೆ ಅವಳ ಗಂಟಲಿನ ಸದ್ದು ನೆನಪಿದೆ, ಮಾತು ಒಂದೂ ಇಲ್ಲ…

ಮೂರು ಗಂಟೆಗೆ ಹಿಂದಿನ ಗೋಡೆ ಬಿತ್ತು. ಐದಕ್ಕೆ ಕೊನೆಯ ವಂಡಿ ಮಣ್ಣು ಹೋಯಿತು. ಆಳುಗಳನ್ನು ಕಳಿಸಿ, ಮಗನಿಂದ ಜಾಗವನ್ನು ಮಟ್ಟ ಮಾಡಿಸಿ, ದನ ನುಗ್ಗದಂತೆ ಬೀದಿಯ ಕಡೆಗೆ ಮುಳ್ಳುಬೇಲಿ ಎಳೆಸಿದೆ. ಇಂದಿನ ಕೆಲಸ ಅಲ್ಲಿಗೆ ಮುಗಿಯಿತು.