ಅವ್ವನ ಚಾದರ, ಪ್ಲಾಸ್ಟಿಕ್ ಕುರ್ಚಿ

ಕಳೆದ ಬೇಸಿಗೆಯಲ್ಲಿ ಅವ್ವ ರೊಟ್ಟಿ ಬಡಿದು ಏಳುವಾಗ ಬಿದ್ದಳು. ಮೂಳೆ ಮುರಿಯಲಿಲ್ಲ. ಬಾಗಲಕೋಟೆಯ ಡಾಕ್ಟರು ಅವಳ ಮೊಣಕಾಲಿನ ಎಕ್ಸರೇ ಬೆಳಕಿಗೆ ಹಿಡಿದು, "ಇನ್ನ ಮ್ಯಾಲ ನೆಲಕ್ಕ ಕುಂಡ್ರಬ್ಯಾಡ್ರಿ ಅಮ್ಮಾ. ಮತ್ತೊಮ್ಮೆ ಬಿದ್ರ ಹಾಸಿಗಿ ಹಿಡೀತೀರಿ," ಎಂದರು. ಅವ್ವ ತಲೆಯಾಡಿಸಿದಳು. ಇಳಕಲ್ಲಿನ ನಮ್ಮ ಮನೆಗೆ ಮರಳಿದವಳೇ ಗೋಡೆ ಹಿಡಿದು ನೆಲಕ್ಕೇ ಕೂತಳು.

ಅವಳಿಗಾಗಿ ನೆಲದ ಮೇಲಿಟ್ಟಿದ್ದ ಗ್ಯಾಸ್ ಒಲೆಯನ್ನು ನನ್ನ ಹೆಂಡತಿ ಕಟ್ಟೆಯ ಮೇಲೆ ಎತ್ತಿಟ್ಟು, ರೊಟ್ಟಿ ತಾನೇ ಮಾಡತೊಡಗಿದಳು. ನಾನು ಪ್ಲಾಸ್ಟಿಕ್ ಕುರ್ಚಿಗಳನ್ನು ಅಡುಗೆಮನೆಯಲ್ಲಿ, ಬಾಗಿಲ ಬಳಿ, ಅವ್ವ ಹೋಗಿ ಬರುವ ಕಡೆಯೆಲ್ಲ ಇಟ್ಟೆ. ಅವಳು ಅವುಗಳ ಕಾಲು ಹಿಡಿದು ನೆಲಕ್ಕೆ ಇಳಿಯುತ್ತಿದ್ದಳು.

"ಮ್ಯಾಲ ಯಾಕ ಕುಂಡ್ರೂದಿಲ್ಲ, ಅವ್ವಾ?" ಎಂದೆ.

"ದವಾಖಾನ್ಯಾಗ ಪಾಳಿ ಹಚ್ಚಿ ಕುಂತಂಗ ಆಗ್ತೈತಿ. ಸೀರಿ ಬ್ಯಾರೆ ಅಂಟತೈತಿ."

ಅದು ನೆಪ, ಒಳಗಿರುವುದು ಅಪ್ಪನ ಕಾಲದ ಅಂಜಿಕೆ ಎಂದುಕೊಂಡೆ. ಸಮಾಜಶಾಸ್ತ್ರ ಓದಿ, ಹುನಗುಂದದ ಕಾಲೇಜಿನಲ್ಲಿ ಅದನ್ನೇ ಕಲಿಸಿ ನಿವೃತ್ತನಾದವನು ನಾನು. ಚಿಕ್ಕಂದಿನಲ್ಲಿ ಬಾದಾಮಿಯ ಬಾಡಿಗೆ ಮನೆಯಲ್ಲಿ ಇದ್ದದ್ದು ಒಂದೇ ಕುರ್ಚಿ. ಬೆತ್ತದ್ದು, ಅಪ್ಪನದು. ಅವ್ವ ಒಂದು ದಿನವೂ ಅದರ ಮೇಲೆ ಕೂರಲಿಲ್ಲ ಎಂದು ತರಗತಿಗಳಲ್ಲಿ ಉದಾಹರಣೆ ಕೊಡುತ್ತಿದ್ದೆ. ನಾನು ಕಂಡದ್ದನ್ನು ಹೇಳುತ್ತಿದ್ದೆನೋ, ಹೇಳಿ ಹೇಳಿ ಕಂಡಂತೆ ಆಯಿತೋ, ಈಗ ಖಚಿತವಿಲ್ಲ.

ಚಾದರದ ಯೋಚನೆ ಹೆಂಡತಿಯದು. "ಅತ್ತಿ ಹಾಸಿಗಿ ಮ್ಯಾಲ ಹಾಸೂ ಚಾದರನ ಕುರ್ಚಿಗೆ ಹೊಲದು ಹಾಕಿದ್ರ ಹೆಂಗ್ರಿ? ಅಂಟೂದಿಲ್ಲ. ತಮ್ಮದ ಅನಸ್ತೈತಿ."

ಹಳೆಯ ಚಾದರಗಳು ನಡುವೆ ಜಾಳಾಗಿದ್ದವು, ಅಂಚಿನಲ್ಲಿ ಇನ್ನೂ ಗಟ್ಟಿ ಇದ್ದವು. ಕುರ್ಚಿಯ ಮೇಲೆ ಪೇಪರು ಹಾಸಿ, ಅಂಚುಗಳನ್ನು ಮಡಿಸಿ, ಅಳತೆ ತೆಗೆದೆವು. ಕತ್ತರಿಸುವುದು ನನ್ನ ಕೆಲಸ, ಮಷೀನು ಅವಳದು. ಬೆನ್ನಿಗೆ ದಿಂಬಿನ ಚೀಲದಂತೆ ಒಂದು, ಕೂರುವಲ್ಲಿಗೆ ಇನ್ನೊಂದು. ಕುರ್ಚಿಯ ಕೈಗಳು ಬರುವ ಕಡೆ ಸೀಳು ಬಿಡುವುದನ್ನು ಮರೆತು ಒಂದು ತುಂಡು ಹಾಳಾಯಿತು. ಮಧ್ಯಾಹ್ನದ ಸೆಕೆಗೆ ಬಟ್ಟೆಯೂ ಬೆವರುತ್ತಿದೆ ಅನಿಸುತ್ತಿತ್ತು. ಇಷ್ಟು ವಯಸ್ಸಿಗೆ ಇಬ್ಬರೂ ಕುರ್ಚಿಗೆ ಅಂಗಿ ಹೊಲಿಯುತ್ತ ಕೂತಿದ್ದೇವಲ್ಲ ಎಂದು ಬೇಸರವಾಗುತ್ತಿತ್ತು.

ಮೊದಲನೆಯದು ಮುಗಿದಾಗ ಅವ್ವನನ್ನು ಕರೆದೆವು. ನಮ್ಮ ಮುಖ ನೋಡಿ ಪಾಪ ಅನಿಸಿತೇನೋ, ಕೂತಳು. ಕೂತವಳು ಚಾದರದ ಸಮೇತ ಮುಂದಕ್ಕೆ ಜಾರಿದಳು. ಹೆಂಡತಿ ತೋಳಿನಡಿ ಕೈಹಾಕಿ ಹಿಡಿಯದಿದ್ದರೆ ಆವತ್ತೇ ಡಾಕ್ಟರ ಮಾತು ನಿಜವಾಗುತ್ತಿತ್ತು. ನುಣ್ಣನೆಯ ಪ್ಲಾಸ್ಟಿಕ್ ಮೇಲೆ ನುಣ್ಣನೆಯ ಬಟ್ಟೆ.

"ನೆಲ ಜಾರೂದಿಲ್ಲ ನೋಡು," ಎಂದಳು ಅವ್ವ.

ಹೊಲಿಗೆ ಬಿಚ್ಚಿ, ಹಳೆಯ ಲಂಗದ ಲಾಡಿಗಳನ್ನು ಹಚ್ಚಿ, ಕುರ್ಚಿಯ ಕಾಲುಗಳಿಗೆ ಬಿಗಿದು ಕಟ್ಟಿದೆವು. ನಾನೇ ಕೂತು ಅಲುಗಾಡಿ ನೋಡಿದೆ. ಜಾರಲಿಲ್ಲ. ಆದರೂ ಅವ್ವ ಗೋಡೆ ಬಿಟ್ಟು ಬರಲಿಲ್ಲ. ದಣಿದಿದ್ದೆ, ದನಿ ಏರಿತು.

"ಈಗ ಅಪ್ಪ ಇಲ್ಲ, ಅವ್ವಾ. ಇನ್ನೂ ಯಾರಿಗೆ ಅಂಜತಿ?"

"ನಿಮ್ಮಪ್ಪಗ ಯಾರು ಅಂಜಿದ್ರೋ?" ಅವಳಿಗೆ ನಿಜಕ್ಕೂ ಅಚ್ಚರಿಯಾದಂತಿತ್ತು. "ಅವರು ಕೆಲಸಕ್ಕ ಹೋದಮ್ಯಾಲ ದಿನಾ ಆ ಕುರ್ಚಿ ಮ್ಯಾಲ ಕುಂತ ಜೋಳ ಹಸನ ಮಾಡ್ತಿದ್ನಿ. ನೀ ಸಾಲಿಗೆ ಹೋಗಿರ್ತಿದ್ದಿ, ನಿನಗೇನ ಗೊತ್ತು?"

ಖರೆ ಇರಬಹುದು. ನನ್ನ ಬಾಯಿ ಮುಚ್ಚಿಸಲು ಹೇಳಿದ್ದೂ ಇರಬಹುದು. ಕೇಳಲು ಬೇರೆ ಯಾರೂ ಉಳಿದಿಲ್ಲ.

"ಮತ್ತ ಇದರ ಮ್ಯಾಲ ಯಾಕ ಒಲ್ಲಿ?"

"ಕುರ್ಚಿ ಮ್ಯಾಲ ಕುಂತು ರೊಟ್ಟಿ ಬಡೀಲಿಕ್ಕೆ ಬರತೈತೇನು? ಒಮ್ಮೆ ಮ್ಯಾಲ ಕುಂಡ್ರಿಸಿದ್ರಂದ್ರ ಆ ಒಲಿ ಕೆಳಗ ಇಳಸ್ತೀರೇನು ನೀವು?"

"ನನ್ನ ರೊಟ್ಟಿಗೆ ಏನಾಗೇತ್ರಿ ಅತ್ತಿ?" ಎಂದಳು ಹೆಂಡತಿ.

"ಏನೂ ಆಗಿಲ್ಲ ಯವ್ವಾ. ನನ್ನ ಹಲ್ಲಿಗಷ್ಟ ಆಗೂದಿಲ್ಲ."

ಹೆಂಡತಿ ನಕ್ಕಳು. ನನಗೆ ನಗು ಬರಲಿಲ್ಲ. ಒಲೆ ಮತ್ತೆ ಕೆಳಗಿಳಿಯುತ್ತದೆಂದು ಅವ್ವ ಇಷ್ಟು ದಿನ ನೆಲದ ಮೇಲೆ ಕಾದು ಕೂತಿದ್ದಳು. ನಾನು ಬದುಕಿಲ್ಲದ ಅಪ್ಪನ ಜೊತೆ ವಾದಿಸುತ್ತಿದ್ದೆ.

ಹಾಸಿಗೆಯ ಟ್ರಂಕನ್ನು ಎಳೆದು ತಂದು ಕುರ್ಚಿಯ ಮುಂದಿಟ್ಟೆವು. ಅದರ ಮೇಲೆ ಒಲೆ, ಪಕ್ಕದಲ್ಲಿ ರೊಟ್ಟಿಯ ಹಲಗೆ. ಅವ್ವ ಬಹಳ ಹೊತ್ತು ಅದನ್ನೇ ನೋಡಿದಳು. ಆಮೇಲೆ ಎದ್ದು, ಚಾದರದ ಲಾಡಿಗಳನ್ನು ಒಂದೊಂದಾಗಿ ಜಗ್ಗಿ ನೋಡಿ, ಕೂತಳು. ಹಿಟ್ಟು ನಾದಿ ಬಡಿದಳು. ಭುಜದ ಬಲ ಹಲಗೆಗೆ ಇಳಿಯಲಿಲ್ಲ. ಮೊದಲ ರೊಟ್ಟಿ ಅಂಚಿನಲ್ಲಿ ಹರಿಯಿತು. ಮತ್ತೆ ಮುದ್ದೆ ಮಾಡಿ ಬಡಿದಳು. ದಪ್ಪಗೆ, ಒಂದು ಕಡೆ ವಾಲಿದ ರೊಟ್ಟಿ ಹಂಚಿಗೆ ಬಿತ್ತು. ಅದನ್ನು ಯಾರಿಗೂ ಕೊಡದೆ, ಅಲ್ಲೇ ಕುರ್ಚಿಯ ಮೇಲೆ ಕೂತು ತಾನೇ ತಿಂದಳು.

ಏಳುವಾಗ ನಾನು ಕೈ ಚಾಚಿದೆ. ಅವಳು ಕುರ್ಚಿಯ ಎರಡೂ ಕೈಗಳನ್ನು ಊರಿ, ತಾನಾಗಿಯೇ ಎದ್ದಳು.

"ಟ್ರಂಕ ಎತ್ತರ ಆಗೇತಿ, ತಮ್ಮಾ. ಇನ್ನೊಂದೀಟ ತಗ್ಗಿಂದೇನರ ಹುಡುಕು."

ಹೂಂ ಎಂದೆ. ಬೆನ್ನು ನೋಯುತ್ತಿತ್ತು.