ನಂಬರ್ ಇಲ್ಲದ ಕಲ್ಲು

"ಮಾಮ್, ಗಾಡ್ ಸ್ಮೆಲ್ಸ್ ಲೈಕ್ ರಾಟನ್ ಎಗ್ಸ್" ಎಂದಳು ನನ್ನ ಮಗಳು, ಸ್ಕೂಲ್ ಬಸ್ಸಿಗೆ ಓಡುತ್ತಾ.

ಒಂಬತ್ತು ವರ್ಷದವಳು, ಇಲ್ಲೇ ಅಮೆರಿಕದಲ್ಲಿ ಹುಟ್ಟಿದವಳು. ದೇವರ ವಿಷಯದಲ್ಲಿ ಇದೆಂಥ ಮಾತು ಎಂದು ಬೈದೆ. ಬೈದ ಮೇಲೆ ಹೋಗಿ ದೇವರ ಗೂಡಿನ ಬಾಗಿಲು ತೆಗೆದು ನೋಡಿದೆ. ಮಗು ಹೇಳಿದ್ದು ಸುಳ್ಳಲ್ಲ. ಊದುಬತ್ತಿ, ತುಳಸಿ, ಶ್ರೀಗಂಧ ಎಲ್ಲದರ ಅಡಿಯಿಂದ ಗಂಧಕದ ನಾತ ಬರುತ್ತಿತ್ತು.

(ಗೂಡು ಎಂದರೆ ದೊಡ್ಡದೇನೋ ಅಂದುಕೊಳ್ಳಬೇಡಿ. ನಾವಿರುವ ಕೆಂಡಲ್ ಪಾರ್ಕಿನ ಮನೆಗಳಲ್ಲಿ ಟವೆಲ್ಲು, ಬೆಡ್‌ಶೀಟು ಇಡಲು ಒಂದು ಕ್ಲಾಸೆಟ್ ಇರುತ್ತದೆ. ನಮ್ಮಲ್ಲಿ ಮೇಲಿನ ಹಲಗೆಯಲ್ಲಿ ದೇವರು, ಕೆಳಗಿನದರಲ್ಲಿ ಟವೆಲ್ಲು.)

ನಮ್ಮವರು ಎಂಜಿನಿಯರು. ದೇವರು ನಾರುತ್ತಾನೆ ಎಂದು ನಂಬುವವರಲ್ಲ. ಗ್ಯಾಸ್ ಲೀಕ್ ಇರಬೇಕು ಎಂದು ಗ್ಯಾಸ್ ಕಂಪನಿಗೆ ಫೋನ್ ಮಾಡಿದರು. ಆರಡಿ ಮೀರಿದ ಒಬ್ಬ ಮನುಷ್ಯ ಬಂದು, ಒಲೆ, ಪೈಪು, ಬೇಸ್‌ಮೆಂಟು ಎಲ್ಲ ಕಡೆ ಯಂತ್ರ ಹಿಡಿದ. ಮುಳ್ಳು ಅಲ್ಲಾಡಲಿಲ್ಲ. ಕ್ಲಾಸೆಟ್ಟಿನ ಮುಂದೆ ಮಾತ್ರ ಸ್ವಲ್ಪ ಹೊತ್ತು ನಿಂತ. "ಲೇಡಿ, ಇದು ನಮ್ಮ ವಾಸನೆಯಲ್ಲ" ಎಂದು ಹೇಳಿ ಹೊರಟುಹೋದ.

ಇನ್ನು ನಮ್ಮ ಅತ್ತೆ. ಸೂಪರ್‌ಮಾರ್ಕೆಟ್ಟಿನಲ್ಲಿ ಬೆಂಡೆಕಾಯಿಯ ತುದಿ ಮುರಿದು ನೋಡಿ ನನ್ನ ಮಾನ ಕಳೆದವರು. ಮಾವ ಹೋದ ಮೇಲೆ ಮನೆಯ ಸಾಲಿಗ್ರಾಮದ ಪೂಜೆ ಹಿರಿಯ ಮಗನಿಗೆ ಬಂತು. ಹಿರಿಯ ಮಗ ನ್ಯೂಜೆರ್ಸಿಯಲ್ಲಿದ್ದರೆ ದೇವರು ಏನು ಮಾಡಬೇಕು? ಮೈಸೂರಿನಿಂದ ವಿಮಾನ ಹತ್ತಬೇಕು. ಪುರೋಹಿತರು ಸಾಲಿಗ್ರಾಮವನ್ನು ಸಂಪುಟದೊಳಗಿಟ್ಟು ಮುಚ್ಚಿಕೊಟ್ಟರು, ಅತ್ತೆ ಆ ಸಂಪುಟವನ್ನು ಮಡಿಲಲ್ಲಿಟ್ಟುಕೊಂಡು ಬಂದರು.

ನಮ್ಮ ಮನೆತನದಲ್ಲಿ ಹೆಂಗಸರು ಸಾಲಿಗ್ರಾಮ ಮುಟ್ಟುವ ಹಾಗಿಲ್ಲ. ಯಾಕೆ ಎಂದು ನನ್ನನ್ನು ಕೇಳಬೇಡಿ, ನಾನೇ ಕೇಳಿ ಸೋತಿದ್ದೇನೆ. ಅತ್ತೆ ನಲವತ್ತು ವರ್ಷ ನಾಲ್ಕಡಿ ದೂರದಲ್ಲಿ ನಿಂತು ಕೈಮುಗಿದವರು. ಈಗ ಕಣ್ಣಿಗೆ ಪೊರೆ ಬೇರೆ. ಪೂಜೆ ಮಾಡುವವರು ನಮ್ಮವರು. ಬೆಳಿಗ್ಗೆ ಆರಕ್ಕೆ, ಒಂದು ಕಣ್ಣು ವಾಚಿನ ಮೇಲಿಟ್ಟು, ನೀರು, ಹಾಲು ಎರೆದು, ಗಂಧ ಹಚ್ಚಿ, ಕಾರ್‌ಪೂಲಿನವರು ಹಾರ್ನ್ ಹೊಡೆಯುವುದರೊಳಗೆ ಮುಗಿಸಬೇಕು. ಆ ತೀರ್ಥ ಕುಡಿಯದೆ ಅತ್ತೆ ಬಾಯಿಗೆ ಏನೂ ಹಾಕುವುದಿಲ್ಲ.

ವಾಸನೆ ನಿಲ್ಲಲಿಲ್ಲ. ಬೆಳ್ಳಿ ತಟ್ಟೆ ಕಪ್ಪಾಯಿತು. ಉಜ್ಜಿದೆ, ಮಾರನೆಯ ದಿನ ಮತ್ತೆ ಕಪ್ಪು. ಸಾಲಿಗ್ರಾಮದ ಕೆಳಗಿನ ರೇಷ್ಮೆ ವಸ್ತ್ರದಲ್ಲಿ ಕಡಲೆಕಾಳಿನಷ್ಟು ತೂತುಗಳು ಬಿದ್ದವು. ನುಸಿ ಅಂದುಕೊಂಡೆ. ನುಸಿ ತಿಂದ ಬಟ್ಟೆಯ ಅಂಚು ಕಂದಾಗಿ ಸುಟ್ಟಂತಿರುತ್ತದೆಯೇ? ಕಲ್ಲಿನ ಮೇಲೆ ಹಳದಿ ಮಿಶ್ರಿತ ಬಿಳಿ ಪುಡಿ ಮೂಡುತ್ತಿತ್ತು. ನಮ್ಮವರು ಒರೆಸಿದರೆ ಮತ್ತೆ ಬರುತ್ತಿತ್ತು.

ಆಮೇಲೆ ಒಂದು ಮಧ್ಯಾಹ್ನ ಅತ್ತೆ ಅಡುಗೆಮನೆಗೆ ಬಂದು, ಸಣ್ಣ ದನಿಯಲ್ಲಿ ಹೇಳಿದರು.

"ಗೂಡೊಳಗೆ ಏನೋ ಕೂಗ್ತಿದೆ ಕಣೇ. ಹಕ್ಕಿಮರಿ ಚಿಂವ್ ಅನ್ನೋ ಹಾಗೆ."

ನನ್ನ ಕೈಯ ಸೌಟು ಹಾಗೇ ನಿಂತಿತು. ಯಾಕೆ ಎಂಬುದನ್ನು ಮುಂದೆ ಹೇಳುತ್ತೇನೆ. ಆಗ ಬರೀ "ಹೀಟರ್ ಪೈಪ್ ಇರಬೇಕು ಅತ್ತೆ" ಎಂದೆ.

ಅವರು ಒಪ್ಪಲಿಲ್ಲ. ಸಮುದ್ರ ದಾಟಿಸಿದ್ದಕ್ಕೆ ದೇವರಿಗೆ ಕೋಪ ಬಂದಿದೆ ಎಂದು ತೀರ್ಮಾನಿಸಿಬಿಟ್ಟಿದ್ದರು. ರಾತ್ರಿಯ ಊಟ ಬಿಟ್ಟರು. ತೀರ್ಥ ಕುಡಿದರೆ ಎದೆ ಉರಿಯುತ್ತದೆ ಎನ್ನುತ್ತಿದ್ದರು, ಆದರೂ ಕುಡಿಯುತ್ತಿದ್ದರು. ರವಿಕೆ ತೋಳು ಸಡಿಲವಾಗತೊಡಗಿತು. ದಿನವೂ ಗೂಡಿನ ಮುಂದೆ ನಿಂತು ಗಟ್ಟಿಯಾಗಿ ಮಾತಾಡುತ್ತಿದ್ದರು. ಕೇಳುತ್ತಿದ್ದದ್ದು ಒಂದೇ. ಹಾಸನದಲ್ಲಿರುವ ನನ್ನ ನಾದಿನಿ ಸರೋಜಾಗೆ ಮೂರು ಬಸಿರು ನಿಂತಿರಲಿಲ್ಲ. ನಾಲ್ಕನೆಯದಕ್ಕೆ ದಿನ ತುಂಬಿತ್ತು. "ನನ್ನ ಮೇಲಿನ ಕೋಪ ಅವಳ ಮೇಲೆ ತೋರಿಸಬೇಡಪ್ಪಾ. ಆ ಮಗು ಒಂದು ಉಳಿಸಿಕೊಡು."

ನೀಲಿ ಇನ್‌ಲ್ಯಾಂಡಿನಂಥ ಏರೋಗ್ರಾಮ್ ಬಂತು. ಹೆಣ್ಣು ಮಗು, ತಾಯಿ ಮಗು ಕ್ಷೇಮ. ನಾನು ಓದಿ ಹೇಳಿದೆ. ಅತ್ತೆ ನಗುತ್ತಾರೆ ಅಂದುಕೊಂಡರೆ ಗೋಡೆಗೆ ಒರಗಿ ಅತ್ತರು.

"ಕೇಳಿದ್ದು ಕೊಟ್ಟ. ಕೊಟ್ಟು ತಾನು ಕೊಳೀತಾ ಇದಾನೆ. ಟಿಕೆಟ್ ಮಾಡಿಸು, ಅವನನ್ನ ಊರಿಗೆ ಕರಕೊಂಡು ಹೋಗ್ತೀನಿ. ದಾರೀಲಿ ನಾನು ಸತ್ತರೂ ಚಿಂತೆಯಿಲ್ಲ."

ಅಷ್ಟು ಸೊರಗಿದ ಹೆಂಗಸು ಅಷ್ಟು ದೂರದ ಪ್ರಯಾಣ ತಡೆಯುವುದುಂಟೇ? ನನಗೆ ನಿಜಕ್ಕೂ ಭಯವಾಯಿತು.

ಈಗ ನನ್ನ ಕೆಲಸದ ವಿಷಯ ಹೇಳಬೇಕು. ಇಲ್ಲಿಯ ಒಂದು ಕಾಲೇಜಿನ ಭೂವಿಜ್ಞಾನ ವಿಭಾಗದಲ್ಲಿ ನನ್ನದು ಪಾರ್ಟ್ ಟೈಮ್. ಪ್ರೊಫೆಸರು ಪ್ರತಿ ಬೇಸಿಗೆ ಮೊಂಟಾನಾದ ಪ್ರೇರಿ ಹುಲ್ಲುಗಾವಲಿಗೆ ಹೋಗಿ ಪಳೆಯುಳಿಕೆ ತರುತ್ತಾರೆ. ನಾನು ಒಂದೊಂದರ ಮೇಲೂ ಉಗುರಿನಷ್ಟು ಬಿಳಿ ಬಣ್ಣ ಬಳಿದು, ಒಣಗಿದ ಮೇಲೆ ಕಪ್ಪು ಶಾಯಿಯಲ್ಲಿ ನಂಬರ್ ಬರೆಯುತ್ತೇನೆ. ನಂಬರ್ ಬಿದ್ದ ಮೇಲೆಯೇ ಅದು ವಿಜ್ಞಾನ, ಅಲ್ಲಿಯವರೆಗೆ ಬರೀ ಕಲ್ಲು.

ಹೋದ ಬೇಸಿಗೆಯಲ್ಲಿ, ಅತ್ತೆ ಬರುವ ಮುಂಚೆ, ನಾವೂ ಅಲ್ಲಿಗೆ ಡ್ರೈವ್ ಮಾಡಿಕೊಂಡು ಹೋಗಿದ್ದೆವು. ಹುಲ್ಲು. ಆಕಾಶದ ಅಂಚಿನವರೆಗೆ ಹುಲ್ಲು, ಮರವಿಲ್ಲ, ಮನೆಯಿಲ್ಲ. ಹೊಳೆ ಕೊರೆದ ದಂಡೆಯಲ್ಲಿ ಮಾತ್ರ ಕಪ್ಪು ಮಣ್ಣು ಕಾಣುತ್ತದೆ. "ನೀನು ನಿಂತಿರೋದು ಸಮುದ್ರದ ತಳದಲ್ಲಿ" ಎಂದರು ಪ್ರೊಫೆಸರು. ಮೇಲೆ ಗಾಳಿ ಅಲೆಯಂತೆಯೇ ಸದ್ದು ಮಾಡುತ್ತಿತ್ತು. ನೀರು ಮಾತ್ರ ಇರಲಿಲ್ಲ. ನಾನು ಸುಮ್ಮನೆ ತಲೆಯೆತ್ತಿ ನೋಡಿದೆ, ಮೇಲೆಲ್ಲೋ ದೊಡ್ಡದೇನೋ ಈಜಿಹೋದ ಹಾಗನ್ನಿಸಿತು.

ಆ ಮಣ್ಣಿನಲ್ಲಿ ಸಿಗುತ್ತಿದ್ದದ್ದು ಸುರುಳಿ ಸುತ್ತಿದ ಸಮುದ್ರಜೀವಿಗಳು, ಕಲ್ಲಾದವು. ಕಪ್ಪಗೆ, ಉರುಟಾಗಿ, ಮೈಮೇಲೆ ಚಕ್ರ. ನೋಡಿದೊಡನೆ ಕೈ ತಾನಾಗಿ ಮುಗಿಯಿತು. ನಮ್ಮ ಗಂಡಕಿ ನದಿಯ ಸಾಲಿಗ್ರಾಮವೂ ಅದೇ ಜಾತಿಯ ಜೀವಿ ಎಂದು ಪ್ರೊಫೆಸರು ಅಂದೇ ಹೇಳಿದ್ದರು. ಪಕ್ಕದ ಹುಲ್ಲುಗಾವಲಿನ ಮುದುಕಿಯೊಬ್ಬಳು, ಆ ನೆಲದ ಮೂಲನಿವಾಸಿಗಳ ಪೈಕಿಯವಳು, ಇನ್ನೊಂದು ಹೇಳಿದ್ದಳು. ಅವರ ಹಿರಿಯರು ಈ ಕಲ್ಲುಗಳಿಗೆ ಕೆಂಪು ಬಣ್ಣ ಹಚ್ಚಿ, ಚರ್ಮದಲ್ಲಿ ಸುತ್ತಿ, ಹಸಿದಾಗ ಅವುಗಳ ಮುಂದೆ ಹಾಡಿ ಬೇಡುತ್ತಿದ್ದರಂತೆ. ಕಲ್ಲು ಸಿಗುವುದು ಹುಡುಕಿದವರಿಗಲ್ಲವಂತೆ. ಅದೇ ಕೂಗುತ್ತದಂತೆ, ಹೆಂಗಸರಿಗೆ, ಹಕ್ಕಿಮರಿಯ ದನಿಯಲ್ಲಿ.

ಇದನ್ನು ನಾನು ಅತ್ತೆಗೆ ಹೇಳಿರಲಿಲ್ಲ. ನಮ್ಮವರೂ ಹೇಳಿರಲಿಲ್ಲ, ಆ ಹೊತ್ತಿನಲ್ಲಿ ಅವರು ಕಾರಿನಲ್ಲಿ ನಿದ್ದೆ ಮಾಡುತ್ತಿದ್ದರು.

ಹೋದ ವಾರ ಟೈಪ್ ಮಾಡಿದ ಪಟ್ಟಿ ಕೊಡಲು ಕಾಲೇಜಿಗೆ ಹೋದೆ. ಪಳೆಯುಳಿಕೆಗಳ ಕೋಣೆಯ ಹೊರಗೆ ಇಬ್ಬರು ವಿದ್ಯಾರ್ಥಿನಿಯರು ನಿಂತಿದ್ದರು. ಒಳಗೆ ಒಬ್ಬರೇ ಹೋಗುವುದಿಲ್ಲವಂತೆ. ಯಾರೂ ಇಲ್ಲದ ಕೋಣೆಯಲ್ಲಿ ಯಾರೋ ಸೆಂಟು ಹಾಕಿಕೊಂಡು ನಿಂತ ಹಾಗೆ ವಾಸನೆಯಂತೆ. ಅಮೆರಿಕದ ಹುಡುಗಿಯರು ದೆವ್ವಕ್ಕೆ ಹೆದರುತ್ತಾರಲ್ಲ ಎಂದು ನಕ್ಕು ಒಳಗೆ ಹೋದೆ.

ಎಂಟನೆಯ ಡ್ರಾಯರ್ ಎಳೆದೆ. ಶ್ರೀಗಂಧ. ತುಳಸಿ. ನಮ್ಮ ಮನೆಯ ಬೆಳಗಿನ ವಾಸನೆ.

ಏನಾಗಿದೆ ಎಂದು ಒಂದೇ ಗಳಿಗೆಯಲ್ಲಿ ಹೊಳೆಯಿತು.

ಗ್ಯಾಸಿಗೆ (ಇಲ್ಲಿ ಪೆಟ್ರೋಲಿಗೂ ಗ್ಯಾಸ್ ಎನ್ನುತ್ತಾರೆ) ಮೈಲುದ್ದ ಕ್ಯೂ ನಿಲ್ಲಬೇಕಾದ ದಿನಗಳು. ಕಾಲೇಜಿಗೆ ದಿನಾ ಕಮ್ಯೂಟ್ ಮಾಡಲಾಗದೆ ಕೆಲಸವನ್ನು ಮನೆಗೇ ತಂದಿದ್ದೆ. ಮೂರು ಡಜನ್ ಕಲ್ಲು, ಮೂರು ಖಾಲಿ ಮೊಟ್ಟೆ ಪೆಟ್ಟಿಗೆಗಳಲ್ಲಿ. ಎಲ್ಲವನ್ನೂ ಊಟದ ಮೇಜಿನ ಮೇಲೆ ಹರಡಿದ್ದೆ. ಅಂದು ನಮ್ಮವರು ಅಭಿಷೇಕ ಮುಗಿಸುವಷ್ಟರಲ್ಲಿ ಹಾರ್ನ್ ಆಯಿತು. ತಟ್ಟೆಯನ್ನು ಮೇಜಿನ ಮೇಲೇ ಬಿಟ್ಟು ಓಡಿದರು. ನನಗೆ ಜಾಗ ಸಾಲದಾಯಿತು. ಮುಟ್ಟಬಾರದಲ್ಲ, ಸೆರಗಿನ ತುದಿಯಿಂದ ಹಿಡಿದು ದೇವರನ್ನು ತಟ್ಟೆಯಿಂದ ತೆಗೆದು ಕಲ್ಲುಗಳ ಪಕ್ಕಕ್ಕೆ ಇಟ್ಟೆ. ಫೋನ್ ಬಂತು, ಎಡಿಸನ್ ಊರಿನ ಗೆಳತಿ, ಅರ್ಧ ಗಂಟೆ. ಮಾತಾಡುತ್ತಲೇ ಬಿಳಿ ಬಣ್ಣ ಬಳಿದೆ, ನಂಬರ್ ಬರೆದೆ, ಪೆಟ್ಟಿಗೆಯ ಗೂಡುಗಳಿಗೆ ತುಂಬಿದೆ.

ಮೂವತ್ತಾರೂ ತುಂಬಿದವು. ಒಂದು ಕಲ್ಲು ಉಳಿಯಿತು. ನಂಬರ್ ಇಲ್ಲದ್ದು. ಅಂದಮೇಲೆ ಅದೇ ದೇವರು ಎಂದುಕೊಂಡು ಸೆರಗಿನಲ್ಲಿ ಎತ್ತಿ ತಟ್ಟೆಗಿಟ್ಟೆ, ಪೆಟ್ಟಿಗೆಗಳನ್ನು ಕಾಲೇಜಿಗೆ ಕಳಿಸಿದೆ. ಲೆಕ್ಕ ಸರಿಹೋದರೆ ನಾವು ಮುಖ ನೋಡುತ್ತೇವೆಯೇ?

ಪ್ರೊಫೆಸರರಿಗೆ ಹೇಳಿದೆ. ಅವರು ತಲೆಯ ಮೇಲೆ ಕೈಯಿಟ್ಟುಕೊಂಡರು. "ನೀರು ಸೋಕಿಸಬೇಡ ಅಂದಿದ್ದೆನಲ್ಲ. ಆ ರಾಶಿಯ ಕಲ್ಲಿನೊಳಗೆ ಗಂಧಕ ಬೆರೆತ ಹೊಂಬಣ್ಣದ ಖನಿಜ ಇದೆ. ತೇವ ಕುಡಿದರೆ ಒಳಗಿನಿಂದ ಕೊಳೆಯುತ್ತೆ. ಆಸಿಡ್ ಆಗುತ್ತೆ, ಬಿರಿಯುತ್ತೆ, ಸದ್ದೂ ಮಾಡುತ್ತೆ."

ವಾಸನೆಗೆ ಕಾರಣ ಸಿಕ್ಕಿತು, ತೂತಿಗೆ ಸಿಕ್ಕಿತು, ಚಿಂವ್ ಅನ್ನುವುದಕ್ಕೂ ಸಿಕ್ಕಿತು. ನನಗೆ ಸಮಾಧಾನವಾಗಬೇಕಿತ್ತು. ಅತ್ತೆ ದಿನವೂ ಕುಡಿಯುತ್ತಿದ್ದದ್ದು ಏನೆಂದು ನೆನಪಾಗಿ ಕೋಟು ಎತ್ತಿಕೊಂಡು ಹೊರಗೆ ಓಡಿದೆ.

ಮನೆಗೆ ಬಂದು ಅತ್ತೆಯ ಮುಂದೆ ಕುಳಿತು ಎಲ್ಲ ಹೇಳಿದೆ. (ಮೊಟ್ಟೆ ಪೆಟ್ಟಿಗೆ ಒಂದನ್ನು ಬಿಟ್ಟು. ನನಗೂ ಪ್ರಾಣದ ಮೇಲೆ ಆಸೆಯಿದೆ.) ಬೈಯುತ್ತಾರೆ ಎಂದು ಕಾದೆ. ಅವರು ಎದ್ದು ಕೋಟು ಹಾಕಿಕೊಂಡರು. "ನಡಿ. ಅವನು ಚಳೀಲಿದಾನೆ."

ಮೂವತ್ತಾರರಲ್ಲಿ ಯಾವುದು? ನಾನು ನೋಡಿರಲಿಲ್ಲ. ಪೂಜೆಯಲ್ಲಿ ನಮ್ಮವರು ನೋಡುತ್ತಿದ್ದದ್ದು ವಾಚು. ಅತ್ತೆಗೆ ಪೊರೆ. ಪ್ರೊಫೆಸರು ಒಂದೊಂದೇ ಕಲ್ಲನ್ನು ಎತ್ತಿ ಅವರ ಮೂಗಿನ ಹತ್ತಿರ ಹಿಡಿದರು. ಅಲ್ಲ, ಅಲ್ಲ ಎಂದು ಅತ್ತೆ ತಲೆಯಾಡಿಸುತ್ತಾ ಹೋದರು. ಹದಿನೇಳನೆಯದಕ್ಕೆ ತಲೆ ಆಡಿಸಲಿಲ್ಲ. ಎರಡೂ ಕೈ ಚಾಚಿ, ಪ್ರೊಫೆಸರರ ಅಂಗೈಯಿಂದ ತೆಗೆದುಕೊಂಡರು. ಮದುವೆಯಾಗಿ ಬಂದ ದಿನದಿಂದ ಒಮ್ಮೆಯೂ ಮುಟ್ಟದವರು.

"ಇಷ್ಟು ನುಣುಪಾಗಿದಾನಾ" ಎಂದರು.

ಪ್ರೊಫೆಸರು ರಿಜಿಸ್ಟರಿನಲ್ಲಿ ಹದಿನೇಳರ ಮುಂದೆ "ಮಾಲೀಕರಿಗೆ ಹಿಂತಿರುಗಿಸಲಾಗಿದೆ" ಎಂದು ಬರೆದರು. ಇಲ್ಲಿ ಯಾರು ಯಾರಿಗೆ ಮಾಲೀಕರು ಎಂದು ವಿವರಿಸಲು ನಾನು ಹೋಗಲಿಲ್ಲ.

ದೇವರು ಈಗ ಗೂಡಿನಲ್ಲಿದ್ದಾನೆ, ಬೆನ್ನ ಮೇಲೆ ನನ್ನ ಕೈಬರಹದ ಹದಿನೇಳು ಹೊತ್ತು. ಕೆರೆಯಲು ಅತ್ತೆ ಬಿಡಲಿಲ್ಲ. ಅತ್ತೆ ರಾತ್ರಿ ಎರಡು ಚಪಾತಿ ತಿನ್ನುತ್ತಿದ್ದಾರೆ. ಊರಿನ ಟಿಕೆಟ್ಟಿನ ಮಾತಿಲ್ಲ. ಮೊಂಟಾನಾದ ಕಲ್ಲು ಮೂರು ಹೋಳಾಗಿ, ಉಳಿದದ್ದು ಪುಡಿ. ಪ್ರೊಫೆಸರು ಎಸೆದುಬಿಡಿ ಎಂದರು. ನಂಬರ್ ಇಲ್ಲದ್ದರಿಂದ ಅವರ ಲೆಕ್ಕದಲ್ಲಿ ಅದು ಇರಲೇ ಇಲ್ಲ.

ಅತ್ತೆ ಎಸೆಯಲಿಲ್ಲ. ತೊಳೆದು ಒಣಗಿಸಿದ ಕಾಫಿ ಡಬ್ಬಿಯಲ್ಲಿ ತುಂಬಿ, ಮೇಲೆ ಚೂರು ಕುಂಕುಮ ಹಾಕಿದರು. ಕುಂಕುಮ ಯಾಕೆ ಎಂದು ಕೇಳಿದೆ. ಹಾಕಬೇಕು ಅನ್ನಿಸಿತು ಎಂದರು. ಆಗ ಆ ಹುಲ್ಲುಗಾವಲಿನ ಮುದುಕಿ ಹೇಳಿದ್ದನ್ನು ನಾನು ಮೊದಲ ಸಲ ಹೇಳಿದೆ, ಕೆಂಪು ಬಣ್ಣ, ಚರ್ಮದ ಗಂಟು, ಹೆಂಗಸರಿಗೆ ಕೇಳುವ ಕೂಗು. ಅತ್ತೆ ಪೂರ್ತಿ ಕೇಳಿದರು. ಬೆರಳು ಮಡಿಸಿ ಎಣಿಸಿದರು. ಕಲ್ಲು ಬದಲಾದ ದಿನದಿಂದ ದೇವರು ಮನೆಗೆ ಮರಳಿದ ದಿನದವರೆಗೆ ಸರಿಯಾಗಿ ಒಂದು ಮಂಡಲ, ನಲವತ್ತೆಂಟು ದಿನ. ಸರೋಜಾಗೆ ಹೆರಿಗೆಯಾದದ್ದು ಅದರ ನಡುವೆ.

ಡಬ್ಬಿಯ ಮುಚ್ಚಳ ಒತ್ತಿ, ಅದನ್ನು ಸಾಲಿಗ್ರಾಮದ ಪಕ್ಕದಲ್ಲೇ ಇಟ್ಟು, ನನ್ನ ಕಡೆ ತಿರುಗಿ ಕೇಳಿದರು:

"ನಮ್ಮ ದೇವರು ಆ ಡ್ರಾಯರಲ್ಲಿದ್ದ. ಹಾಗಾದ್ರೆ ಆ ಮಗೂನ ಉಳಿಸಿಕೊಟ್ಟೋರು ಯಾರೇ?"