ಖಾನಾಪುರದಲ್ಲಿ ಹಿಮ ಸುರಿಸಿದವರು

ಮಕ್ಕಳಿಗಾಗಿ ಕ್ರಿಸ್‌ಮಸ್ ಕಾದಂಬರಿಗಳನ್ನು ಬರೆದೇ ಹೆಸರು ಮಾಡಿದವಳು ನಾನು. ಪುಸ್ತಕದ ಮೇಲೆ ಆ ಹೆಸರನ್ನು ನೋಡಿ ನನಗೇ ಹೇಸಿಗೆಯಾದ ದಿನವೊಂದಿದೆ.

ನನ್ನನ್ನು ಕೊಟ್ಟದ್ದು ಶಹರದ ಹಿಂದವಾಡಿ ಬಡಾವಣೆಯ ಲಿಂಗಾಯತರ ಮನೆಗೆ. ಮೊದಲ ಪುಸ್ತಕ ಬಂದಾಗ ಅತ್ತೆ, "ಇಬತ್ತಿ ಹಚ್ಚೂ ಮನ್ಯಾಗ ಇದೇನ ಹುಚ್ಚವಾ?" ಎಂದಿದ್ದರು. ಹುಚ್ಚು ಹಿಡಿಸಿದ್ದು ನನ್ನ ತವರು, ಕಾಡಂಚಿನ ಖಾನಾಪುರ. ಅಲ್ಲಿ ನಮ್ಮ ಬಾಜೂಮನೆಯಲ್ಲಿ ಒಬ್ಬ ಕ್ರೈಸ್ತ ಮುದುಕಿ ಇದ್ದಳು. ಮಾತು ಮರಾಠಿ, ಓಣಿಯ ಮಕ್ಕಳಿಗೆಲ್ಲ ಆಜಿ. ಚಳಿ ಬಿದ್ದೊಡನೆ ಬಿದಿರು ಸೀಳಿ, ಬಣ್ಣದ ಕಾಗದ ಅಂಟಿಸಿ ನಕ್ಷತ್ರದ ದೀಪ ಕಟ್ಟುತ್ತಿದ್ದಳು. ದೀಪ ನೋಡಲು ಕಾಡುಕೋಣ ಬರುತ್ತದೆ, ಗದ್ದಲ ಮಾಡಬೇಡಿ ಎಂದು ನಮ್ಮ ಬಾಯಿಗೆ ಸಿಹಿ ತುರುಕುತ್ತಿದ್ದಳು. ನನ್ನ ಕಾದಂಬರಿಗಳೆಲ್ಲ ಹುಟ್ಟಿದ್ದು ಅಲ್ಲಿಂದಲೇ. ನಕ್ಷತ್ರದೀಪ ಹಿಡಿದ ಆಜಿ ಕಾಡಿನಲ್ಲಿ ನಡೆಯುತ್ತಾಳೆ. ಹಿಂದೆ ಕಾಡುಕೋಣ, ಕರಡಿ, ಮಂಗಟ್ಟೆ ಹಕ್ಕಿ.

ಪುಸ್ತಕಗಳು ಚೆನ್ನಾಗಿ ಹೋದವು. ಪ್ರಕಾಶಕರಿಗೆ ಅಷ್ಟಕ್ಕೆ ಸಮಾಧಾನವಿರಲಿಲ್ಲ.

"ಮೇಡಮ್ಮಾರ, ಕಾಡಕ್ವಾಣ ಯಾರಿಗೆ ಬೇಕ್ರೀ? ಹಿಮಾ ಬೀಳಸ್ರಿ, ಸಾರಂಗದ ಗಾಡಿ ತರ್ರಿ."

"ಖಾನಾಪುರದಾಗ ಹಿಮಾ ಎಲ್ಲಿಂದ ಬೀಳಬೇಕ್ರಿ?"

"ಕಥಿಯಾಗ ಬಿದ್ರ ಯಾರ ತೊಯ್ತಾರ್ರೀ?" ಎಂದು ನಗುತ್ತಿದ್ದರು. ನಾನು ಒಪ್ಪಲಿಲ್ಲ.

ಕೆಲವು ವರ್ಷಗಳ ಹಿಂದೆ, ಹಳೆಯ ಪುಸ್ತಕಗಳನ್ನು ಹೊಸದಾಗಿ ಮುದ್ರಿಸಿದ್ದೇವೆ, ಬಿಡುಗಡೆಗೆ ಬನ್ನಿ ಎಂದರು. ಶಹರದ ಕ್ಯಾಂಪ್ ಪ್ರದೇಶದ ಒಂದು ಸಭಾಂಗಣದಲ್ಲಿ ಕಾರ್ಯಕ್ರಮ. ಖಾನಾಪುರಕ್ಕೆ ಹೋಗಿ, ಹಣ್ಣುಹಣ್ಣಾಗಿದ್ದ ಆಜಿಯನ್ನು ಕಾರಿನಲ್ಲಿ ಕರೆತಂದೆ. ಬಾಗಿಲಲ್ಲೇ ಯಾರೋ ಹಿಮವೆಂದು ಡಬ್ಬಿಯಿಂದ ಬಿಳಿ ನೊರೆ ಎರಚುತ್ತಿದ್ದರು. ಅದು ಗಡ್ಡದ ಸೋಪಿನಂತೆ ನಾರುತ್ತಿತ್ತು. ಹತ್ತಿಯ ಗಡ್ಡದ ಸಾಂತಾ ಬೆವತಿದ್ದ, ಗಡ್ಡದ ಅಂಟು ಕರಗಿ ಕತ್ತಿಗೆ ಇಳಿದಿತ್ತು. ಅದನ್ನು ಒರೆಸಿಕೊಂಡ ಕೈಯಿಂದಲೇ ಎಲ್ಲರಿಗೂ ಕೇಕು ತಿನ್ನಿಸಿದ. ನನಗೂ ತಿನ್ನಿಸಿದ.

ವೇದಿಕೆಯಲ್ಲಿ ಪರದೆ ಸರಿಸಿದಾಗ ಕಂಡದ್ದು ಹಳೆಯ ಪುಸ್ತಕವಲ್ಲ. ಹೊಸ ಕಾದಂಬರಿ. ಮೇಲೆ ದಪ್ಪ ಅಕ್ಷರದಲ್ಲಿ ನನ್ನ ಹೆಸರು.

"ಇದನ್ನ ಯಾರ ಬರದ್ರಿ?" ಎಂದು ಪ್ರಕಾಶಕರನ್ನು ಕೇಳಿದೆ.

"ನಿಮ್ಮ ಹಳೀ ಪುಸ್ತಕ ಕಂಪ್ಯೂಟರಿಗೆ ಹಾಕಿದ್ವಿ, ಅದ ಬರದ ಕೊಡ್ತು. ನಿಮಗೂ ತ್ರಾಸ ಇಲ್ಲ ನೋಡ್ರಿ."

ಪುಟ ತಿರುವಿದೆ. ಖಾನಾಪುರದ ಕಾಡಿನಲ್ಲಿ ಮೊಣಕಾಲುದ್ದ ಹಿಮ. ಆಜಿ ಮಾಟಗಾತಿಯಾಗಿದ್ದಳು, ದೀಪ ತೋರಿಸಿ ಮಕ್ಕಳನ್ನು ಕರೆದು ಕುದಿಸಿ ತಿನ್ನುತ್ತಿದ್ದಳು. ಯಾರದೋ ಎಂಜಲು ಬಾಯಿಗೆ ಬಂದಂತಾಯಿತು. ಕೆಳಗೆ, ಮೊದಲ ಸಾಲಿನಲ್ಲಿ, ಆಜಿಯ ಕೈಗೂ ಒಂದು ಪ್ರತಿ ಕೊಟ್ಟಿದ್ದರು. ಕನ್ನಡ ಓದಲು ಬಾರದ ಅವಳು ಮುಖಪುಟದ ಕೊಕ್ಕೆಮೂಗಿನ ಮುದುಕಿಯನ್ನೂ ನಕ್ಷತ್ರದೀಪವನ್ನೂ ಬೆರಳಿಂದ ಸವರಿದಳು. ನಾನು ಇಳಿದು ಹತ್ತಿರ ಹೋದೆ.

"ಹೀ ಮೀಚ್ ಕಾ ಗ?" ಎಂದಳು. ಇದು ನಾನೇ ಏನೇ ಎಂದು.

"ನಾಹೀ ಆಜಿ," ಎಂದು ಪುಸ್ತಕ ಕಸಿದುಕೊಂಡೆ. ಮತ್ತೆ ವೇದಿಕೆ ಹತ್ತಿ ಮೈಕ್ ಹಿಡಿದೆ. "ಇದನ್ನ ನಾ ಬರದಿಲ್ಲ. ನನ್ನ ಕಥಿಯೊಳಗಿನ ಆಜಿ ಹುಡುಗೂರನ್ನ ತಿನ್ನಾಕಿ ಅಲ್ಲ, ಉಣಸಾಕಿ. ಆಕಿ ಇಲ್ಲೇ ಕುಂತಾಳ, ನೋಡ್ರಿ."

ಮೈಕ್ ಸತ್ತಿತು. ಪ್ರಕಾಶಕರು ಸಿಟ್ಟಾಗಲೂ ಇಲ್ಲ. ನನ್ನ ಕಿವಿಯ ಬಳಿ ಬಾಗಿ, "ಜಗಳ ಆದ್ರ ಇನ್ನೂ ಚಲೋ ಮಾರತೈತ್ರಿ" ಎಂದರು. ಕೆಳಗೆ ತಾಯಂದಿರು ಸಾಂತಾನ ಜೊತೆ ಮಕ್ಕಳನ್ನು ನಿಲ್ಲಿಸಿ ಫೋಟೊ ತೆಗೆಯುತ್ತ, ಅದೇ ಪುಸ್ತಕವನ್ನು ಚೀಲಕ್ಕೆ ಹಾಕಿಕೊಳ್ಳುತ್ತಿದ್ದರು. ನನ್ನ ಹಳೆಯ ಪುಸ್ತಕ ಓದಿದ್ದ ಒಬ್ಬ ಪುಟ್ಟ ಹುಡುಗಿ ಮಾತ್ರ ಆಜಿಯ ಬಳಿ ಬಂದು, "ಕ್ವಾಣ ಖರೇನ ಬರತಿತ್ತೇನ್ರೀ?" ಎಂದು ಕೇಳಿದಳು.

"ಬರತಿತ್ತ. ಉಪ್ಪ ನೆಕ್ಕಾಕ," ಎಂದಳು ಆಜಿ ತನ್ನ ಹರಕುಮುರುಕು ಕನ್ನಡದಲ್ಲಿ.

ಖಾನಾಪುರದ ದಾರಿಯಲ್ಲಿ ಕಾರು ನಿಲ್ಲಿಸಿ ವಾಂತಿ ಮಾಡಿಕೊಂಡೆ. ಆಜಿ ಬೆನ್ನು ಸವರುತ್ತ, ಕೇಕು ಹಳಸಿತ್ತು, ಅದಕ್ಕೇ ಎಂದಳು. ಇರಬಹುದು ಎಂದೆ.

ಪ್ರಕಾಶಕರು ಕೊನೆಗೆ ನನ್ನ ಹೆಸರು ತೆಗೆದರು, ಮಾಟಗಾತಿಯನ್ನು ಇಟ್ಟುಕೊಂಡರು. ನಾನು ಬೇರೆಡೆ ಬರೆಯುತ್ತೇನೆ, ಓದುವವರು ಕಡಿಮೆ. ಮೊನ್ನೆ ಸಾಂಬ್ರಾ ನಿಲ್ದಾಣದಲ್ಲಿ ವಿಮಾನಕ್ಕೆ ಕಾಯುವಾಗ, ಪಕ್ಕದ ಕುರ್ಚಿಯಲ್ಲಿ ಯಾರೋ ಬಿಟ್ಟುಹೋದ ಆ ಸರಣಿಯ ಹೊಸ ಪುಸ್ತಕವಿತ್ತು. ಅದೇ ಕೊಕ್ಕೆಮೂಗು. ಬೋರಲು ಹಾಕಿ, ಎದ್ದು ಹೋಗಿ ಕೈ ತೊಳೆದುಕೊಂಡೆ.